ಗ್ರಾಫಿಕ್ಸ್ ಕುರ್ಚಿಯಿಂದ ಆಕ್ಷನ್-ಕಟ್‌ವರೆಗೆ

ಹೋದ ತಿಂಗಳು ನಮ್ಮ ಸಿನಿಮಾ ಕೊನೆಯ ಥಿಯೇಟರಿನಿಂದಲೂ ಇಳಿಯಿತು. ಸೂಪರ್ ಹಿಟ್ ಅಲ್ಲ, ಮಕಾಡೆ ಮಲಗಲೂ ಇಲ್ಲ. ಆಗಿನಿಂದ ವಿಎಫ್‌ಎಕ್ಸ್, ಅಂದರೆ ಸಿನಿಮಾ ಗ್ರಾಫಿಕ್ಸ್ ಸ್ಟುಡಿಯೋಗಳಲ್ಲಿ ಕೆಲಸ ಮಾಡುವ ಹುಡುಗ ಹುಡುಗಿಯರು ಫೋನ್ ಮಾಡಿ ಒಂದೇ ಪ್ರಶ್ನೆ ಕೇಳುತ್ತಿದ್ದಾರೆ: "ಸರ್, ಇಲ್ಲಿಂದ ಡೈರೆಕ್ಷನ್‌ಗೆ ಹೋಗೋದು ಹೇಗೆ?" ಎಲ್ಲರಿಗೂ ಅದನ್ನೇ ಹೇಳಿ ಹೇಳಿ ಬಾಯಿ ನೋವು ಬಂತು. ಅದಕ್ಕೆ ನೆನಪಿರುವಾಗಲೇ ಬರೆದಿಡುತ್ತಿದ್ದೇನೆ.

ಕ್ಯಾಮೆರಾ, ಲೆನ್ಸು, ಶಾಟ್ ಡಿವಿಷನ್ ಇವೆಲ್ಲ ನಮ್ಮ ಕೆಲಸದವರಿಗೆ ಅಷ್ಟೇನೂ ಹೊಸದಲ್ಲ. ನನಗೆ ಕಷ್ಟವಾಗಿದ್ದು ಬೇರೆ. ನಿರ್ದೇಶಕ ಗ್ರಾಫಿಕ್ಸ್‌ನವನಾದರೆ ಸಿನಿಮಾದ ಗ್ರಾಫಿಕ್ಸ್ ಬಿಟ್ಟಿ ಅಂತ ನಿರ್ಮಾಪಕರಿಂದ ಹಿಡಿದು ಲೈಟ್ ಬಾಯ್‌ವರೆಗೆ ಎಲ್ಲರೂ ಅಂದುಕೊಳ್ಳುತ್ತಾರೆ. ಬಾಗಿಲು ತೆಗೆಸಿದ್ದೂ ಆ ಕೆಲಸವೇ, ಕೊನೆವರೆಗೂ ನನ್ನ ಕಾಲು ಹಿಡಿದು ಎಳೆದದ್ದೂ ಅದೇ.

ನಾನು ಸಾಗರದ ಕಡೆಯವನು. ಡಿಗ್ರಿ ಮುಗಿಸಿ ಬೆಂಗಳೂರಿಗೆ ಬಂದು ಒಂದು ಅನಿಮೇಷನ್ ಕೋರ್ಸ್ ಮಾಡಿದೆ. 2013ರಲ್ಲಿ ರೋಟೋ ಆರ್ಟಿಸ್ಟ್ ಆಗಿ ಸೇರಿದಾಗ ತಿಂಗಳಿಗೆ 9 ಸಾವಿರ. ಹೊರಗಿನವರಿಗಾಗಿ ಹೇಳುವುದಾದರೆ, ರೋಟೋ ಅಂದರೆ ಶಾಟ್‌ನಲ್ಲಿರುವ ಮನುಷ್ಯನ ಅಂಚನ್ನು ಒಂದೊಂದು ಫ್ರೇಮಿನಲ್ಲೂ ಗೆರೆ ಎಳೆದು ಹಿನ್ನೆಲೆಯಿಂದ ಬೇರೆ ಮಾಡುವುದು. ಸೆಕೆಂಡಿಗೆ 24 ಫ್ರೇಮ್. ಕೂದಲು ಹಾರಾಡುವ ನಾಲ್ಕು ಸೆಕೆಂಡಿನ ಶಾಟ್ ಸಿಕ್ಕಿದರೆ ಆ ವಾರ ಹೋಯಿತು ಅಂತಲೇ ಲೆಕ್ಕ. ಎಲ್ಲರೂ ಬೇಗ ದಾಟಿ ಹೋಗಬೇಕು ಅಂದುಕೊಳ್ಳುವ ಮೆಟ್ಟಿಲು ಅದು. ಆದರೆ ನಟನೆ ಅಂದರೇನು ಅಂತ ನಾನು ಕಲಿತದ್ದು ಅಲ್ಲೇ. ಶಾಟ್ ನಮಗೆ ಬರುವಾಗ ಎಡಿಟರ್ ಇಟ್ಟುಕೊಂಡ ಭಾಗಕ್ಕಿಂತ ಹಿಂದೆ ಮುಂದೆ ಎಂಟೆಂಟು ಫ್ರೇಮ್ ಜಾಸ್ತಿ ಇರುತ್ತದೆ. ಹ್ಯಾಂಡಲ್ ಅನ್ನುತ್ತೇವೆ. ಸೆಕೆಂಡಿನ ಮೂರನೇ ಒಂದು ಭಾಗ ಅಷ್ಟೇ. ಆ ಎಂಟು ಫ್ರೇಮಿನಲ್ಲಿ ಕೆಲವರ ಮುಖ ಪಾತ್ರದಿಂದ ಜಾರಿ ತಮ್ಮದಾಗಿಬಿಡುತ್ತದೆ, ದವಡೆ ಸಡಿಲಾಗುತ್ತದೆ, ಕಣ್ಣು ಕ್ಯಾಮೆರಾ ಪಕ್ಕದವರನ್ನು ಹುಡುಕುತ್ತದೆ. ಇನ್ನು ಕೆಲವರದು ಹಾಗೇ ಇರುತ್ತದೆ. ರೆಪ್ಪೆಯ ಅಂಚಿಗೂ ಗೆರೆ ಎಳೆಯುತ್ತಾ ಕೂತವನಿಗೆ ಇದು ಕಾಣದೇ ಇರುತ್ತದಾ?

ರೋಟೋ ಆದ ಮೇಲೆ ಪೇಂಟ್ (ಶಾಟ್‌ನಲ್ಲಿ ಬೇಡದ್ದನ್ನು ಅಳಿಸುವುದು), ಆಮೇಲೆ ಕಂಪೋಸಿಟಿಂಗ್ (ಬೇರೆ ಬೇರೆ ಚಿತ್ರಗಳನ್ನು ಒಂದೇ ಶಾಟ್ ಆಗಿ ಕೂಡಿಸುವುದು), ಆಮೇಲೆ ಸೆಟ್ಟಿಗೆ ಹೋಗುವ ಸೂಪರ್‌ವೈಸರ್. ಈ ದಾರಿ ಎಲ್ಲರಿಗೂ ಗೊತ್ತಿದ್ದದ್ದೇ. ನಿರ್ದೇಶನದ ಆಸೆ ಇದ್ದವರು ಹೇಗಾದರೂ ಮಾಡಿ ಸೆಟ್ಟಿಗೆ ಹೋಗುವ ಕೆಲಸ ಹಿಡಿಯಿರಿ. ಸಂಬಳ ಸ್ವಲ್ಪ ಕಮ್ಮಿಯಾದರೂ ಪರವಾಗಿಲ್ಲ. ಎಸಿ ರೂಮಿನಲ್ಲಿ ನ್ಯೂಕ್ ಸಾಫ್ಟ್‌ವೇರ್ ತೆರೆದುಕೊಂಡು ಎಷ್ಟು ವರ್ಷ ಕೂತರೂ ಮಧ್ಯಾಹ್ನ ಮೂರು ಗಂಟೆಗೆ ಊಟ ತಡವಾಗಿ ಸಿಟ್ಟಿಗೆದ್ದ ಯೂನಿಟ್ ಹೇಗಿರುತ್ತದೆ ಅಂತ ಗೊತ್ತಾಗುವುದಿಲ್ಲ. ನಾನು ಸೂಪರ್‌ವೈಸರ್ ಆಗಿ ಹೋದ ಸಿನಿಮಾಗಳಲ್ಲಿ ಸೆಟ್ಟಿನ ಬೆಳಕು ದಾಖಲಿಸುವ ಕನ್ನಡಿಯಂಥ ಕ್ರೋಮ್ ಬಾಲ್ ಹಿಡಿದು ನಿಂತು, ನಿರ್ದೇಶಕರು ಯಾವ ಹೊತ್ತಿನಲ್ಲಿ ಸುಮ್ಮನಿರುತ್ತಾರೆ, ಯಾವ ಹೊತ್ತಿನಲ್ಲಿ ರೇಗುತ್ತಾರೆ ಅಂತ ನೋಡಿಕೊಂಡೆ. ಅದಕ್ಕೆ ಯಾವ ಫೀಸೂ ಇರಲಿಲ್ಲ.

ಹೊರದೇಶದ ಉದಾಹರಣೆಗಳನ್ನು ನೀವೂ ಕೇಳಿರುತ್ತೀರಿ. ಗರೆತ್ ಎಡ್ವರ್ಡ್ಸ್ ಟೀವಿಗೆ ಗ್ರಾಫಿಕ್ಸ್ ಮಾಡುತ್ತಿದ್ದವರು, 2010ರ 'ಮಾನ್‌ಸ್ಟರ್ಸ್' ಚಿತ್ರದ ಎಫೆಕ್ಟ್ಸ್ ತಾವೇ ಕೂತು ಮಾಡಿ, 2014ರಲ್ಲಿ ಹಾಲಿವುಡ್‌ನ 'ಗಾಡ್ಜಿಲಾ'ಕ್ಕೆ ನಿರ್ದೇಶಕರಾದರು. 3ಡಿ ಆನಿಮೇಟರ್ ಆಗಿದ್ದ ನೀಲ್ ಬ್ಲಾಮ್‌ಕ್ಯಾಂಪ್ ಮೊದಲು ಒಂದು ಕಿರುಚಿತ್ರ ಮಾಡಿದರು. ಅದೇ ಬೆಳೆದು 2009ರಲ್ಲಿ 'ಡಿಸ್ಟ್ರಿಕ್ಟ್ 9' ಆಯಿತು. ಜಪಾನಿನ ತಕಾಶಿ ಯಮಝಾಕಿ ತಮ್ಮದೇ ಸಿನಿಮಾಕ್ಕೆ ವಿಎಫ್‌ಎಕ್ಸ್ ಸೂಪರ್‌ವೈಸರ್ ಕೂಡ ಆಗಿ, 'ಗಾಡ್ಜಿಲಾ ಮೈನಸ್ ಒನ್'ಗೆ 2024ರಲ್ಲಿ ವಿಎಫ್‌ಎಕ್ಸ್ ವಿಭಾಗದ ಆಸ್ಕರ್ ತೆಗೆದುಕೊಂಡರು. ಸುಮಾರು 610 ಶಾಟ್, 35 ಜನ ಆರ್ಟಿಸ್ಟ್‌ಗಳು. ಆ ಸುದ್ದಿ ಬಂದಾಗ ನಮ್ಮ ಸ್ಟುಡಿಯೋದಲ್ಲಿ ಸ್ವೀಟ್ ಹಂಚಿದ್ದೆವು. ಆದರೆ ಅವರ ಮೊದಲ ಸಿನಿಮಾ ಬಂದದ್ದು 2000ದಲ್ಲಿ. ಅಂದರೆ ಆಸ್ಕರ್ ಹೊತ್ತಿಗೆ ಅವರು ಇಪ್ಪತ್ತು ವರ್ಷಕ್ಕೂ ಮೇಲೆ ಆಕ್ಷನ್-ಕಟ್ ಹೇಳಿದ್ದರು. ಈ ಮೂವರಲ್ಲಿ ಯಾರಿಗೂ ಬರೀ ಶೋರೀಲ್ (ಮಾಡಿದ ಗ್ರಾಫಿಕ್ಸ್ ಶಾಟ್‌ಗಳನ್ನು ಜೋಡಿಸಿದ ವೀಡಿಯೋ) ನೋಡಿ ಯಾರೂ ಸಿನಿಮಾ ಕೊಟ್ಟಿಲ್ಲ, ಗಮನಿಸಿ.

ಶೋರೀಲ್ ವಿಷಯ ಬಂತಲ್ಲ, ಅದನ್ನು ಮನೆಯಲ್ಲೇ ಬಿಟ್ಟು ಹೋಗಿ. ಗಾಂಧಿನಗರದಲ್ಲಿ ನಾನು ಅದನ್ನು ತೋರಿಸಿದ ಕಡೆಯೆಲ್ಲ ಆಗಿದ್ದು ಒಂದೇ. ನೋಡುತ್ತಾರೆ, ಬೆನ್ನು ತಟ್ಟುತ್ತಾರೆ, "ನಮ್ದೊಂದು ಸಿನಿಮಾ ರೆಡಿ ಇದೆ, ಎರಡು ಫೈಟ್‌ಗೆ ಸಿಜಿ ಬೇಕು, ಮಾಡಿಕೊಡ್ತೀರಾ?" ಅನ್ನುತ್ತಾರೆ. ಕಿರುಚಿತ್ರ ತೋರಿಸಲು ಶುರು ಮಾಡಿದ ಮೇಲೆ ಮಾತಿನ ಧಾಟಿ ಬದಲಾಯಿತು. ಅದರಲ್ಲಿ ಒಂದೇ ಒಂದು ಗ್ರಾಫಿಕ್ಸ್ ಶಾಟ್ ಇರಲಿಲ್ಲ. ಬೇಕಂತಲೇ ಇಟ್ಟಿರಲಿಲ್ಲ. ಇಬ್ಬರು ಅಣ್ಣತಮ್ಮಂದಿರು ಅಡಿಕೆ ತೋಟದ ಬೇಲಿ ವಿಷಯಕ್ಕೆ ಮಾತು ಬಿಡುವ ಕಥೆ. 12 ನಿಮಿಷ. ಖರ್ಚು ಒಂದೂವರೆ ಲಕ್ಷ, ಅದರಲ್ಲಿ ಅರ್ಧ ಊಟ ಮತ್ತು ವ್ಯಾನಿಗೆ.

ದೊಡ್ಡ ಸಿನಿಮಾದ ಕಥೆ ನಮ್ಮೂರಿನದೇ. ಲಿಂಗನಮಕ್ಕಿ ಅಣೆಕಟ್ಟು ಮುಗಿದದ್ದು 1964ರಲ್ಲಿ. ಶರಾವತಿ ಹಿನ್ನೀರಿಗೆ ಹೋದ ಊರುಗಳ ಮಾತು ಕೇಳುತ್ತಲೇ ಬೆಳೆದವನು ನಾನು. ನೀರು ಏರುವಾಗ ತನ್ನ ಎಮ್ಮೆ ಬಿಟ್ಟು ಊರು ಬಿಡಲು ಒಪ್ಪದ ಒಬ್ಬ ಮುದುಕ, ಈಗ ಬೇಸಿಗೆಯಲ್ಲಿ ನೀರು ಇಳಿದಾಗ ಆ ಜಾಗ ಹುಡುಕಿಕೊಂಡು ಬರುವ ಮೊಮ್ಮಗ. ಸ್ಕ್ರಿಪ್ಟ್ ಮುಗಿದ ಕೂಡಲೇ ಕಾಪಿರೈಟ್ ಕಚೇರಿಯಲ್ಲಿ ಆನ್‌ಲೈನ್ ಅರ್ಜಿ ಹಾಕಿದೆ. ಸಾಹಿತ್ಯ ಕೃತಿಗೆ ಫೀಸು 500 ರೂಪಾಯಿ. ಅರ್ಜಿ ಹಾಕಿದ ತಕ್ಷಣ ಡೈರಿ ನಂಬರ್ ಸಿಗುತ್ತದೆ. ಯಾರಾದರೂ ಆಕ್ಷೇಪ ಎತ್ತುತ್ತಾರಾ ಅಂತ 30 ದಿನ ಕಾಯುತ್ತಾರೆ, ಸರ್ಟಿಫಿಕೇಟ್ ಬರುವುದು ಅದಕ್ಕಿಂತ ತುಂಬಾ ತಡ. ಕಥೆ ಹೇಳಲು ಹೋಗುವ ಮೊದಲು ಕನಿಷ್ಠ ಆ ಡೈರಿ ನಂಬರ್ ಆದರೂ ಕೈಯಲ್ಲಿರಲಿ.

ನಮ್ಮ ಕಡೆ ಸ್ಕ್ರಿಪ್ಟ್ ಓದುವವರು ಕಮ್ಮಿ. ಕೂತು ಬಾಯಲ್ಲಿ ಕಥೆ ಹೇಳಬೇಕು. ಸ್ಟುಡಿಯೋದಲ್ಲಿ ಮಾನಿಟರ್ ಜೊತೆ ಮಾತ್ರ ಮಾತಾಡಿ ರೂಢಿಯಿದ್ದ ನನಗೆ ಎರಡು ತಾಸು ಒಬ್ಬರ ಮುಖ ನೋಡಿಕೊಂಡು ಕಥೆ ಹೇಳುವುದು ನಿಜಕ್ಕೂ ಬೆವರಿಳಿಸುವ ಕೆಲಸ. ಫೋನ್ ಬರುತ್ತದೆ, ಕಾಫಿ ಬರುತ್ತದೆ, ಯಾರೋ ನೆಂಟರು ಬರುತ್ತಾರೆ. ಮುದುಕ ನೀರಿಗೆ ಇಳಿಯುವ ಹೊತ್ತಿಗೆ ಸರಿಯಾಗಿ "ಹೀರೋ ಯಾರು ಅಂದ್ರಿ?" ಅನ್ನುತ್ತಾರೆ. ಒಂದು ವರ್ಷಕ್ಕೂ ಜಾಸ್ತಿ ಹೀಗೇ ನಡೆಯಿತು. ಊರಿಗೆ ಹೋದಾಗ ಅಮ್ಮ, "ಕಂಪ್ಯೂಟರ್ ಮುಂದೆ ಕೂತು ಮಾಡ್ತಿದ್ದ ಕೆಲಸ ಚೆನ್ನಾಗೇ ಇತ್ತಲ್ಲ ಮಾರಾಯ, ಇದೆಲ್ಲ ಯಾಕೆ ಬೇಕಿತ್ತು?" ಅಂದರು. ಉತ್ತರ ಇರಲಿಲ್ಲ. ಇನ್ನೊಂದು ದೋಸೆ ಹಾಕಿಸಿಕೊಂಡೆ.

ಕೊನೆಗೆ ಒಪ್ಪಿದವರು ಶಿವಮೊಗ್ಗದ ಒಬ್ಬ ಅಡಿಕೆ ವ್ಯಾಪಾರಿ. ಅವರ ತಾಯಿಯ ತವರು ಹಿನ್ನೀರಿನಲ್ಲಿ ಮುಳುಗಿತ್ತು. ಕಥೆ ಪೂರ್ತಿ ಕೇಳಿದ ಮೊದಲ ಮನುಷ್ಯ ಅವರೇ. ಬಜೆಟ್ 90 ಲಕ್ಷ ಅಂತ ಮಾತಾಯಿತು. ಪಟ್ಟಿ ಹಾಕುತ್ತಾ ಹಾಕುತ್ತಾ ಗ್ರಾಫಿಕ್ಸ್ ಸಾಲಿಗೆ ಬಂದಾಗ, "ಇದು ನಿಮ್ದೇ ಅಲ್ವಾ, ಸೊನ್ನೆ ಹಾಕೋಣ" ಅಂದರು. ಅವರ ಮಾತಿನಲ್ಲಿ ಮೋಸ ಏನಿರಲಿಲ್ಲ. ಮನೆಯವರೇ ಅಡುಗೆ ಮಾಡುವಾಗ ಭಟ್ಟರಿಗೆ ಯಾಕೆ ದುಡ್ಡು ಅನ್ನುವ ಹಾಗೆ ಅಷ್ಟೇ.

ನಾನು ಎರಡು ದಿನ ಟೈಮ್ ಕೇಳಿದೆ. ಸ್ಕ್ರಿಪ್ಟ್ ಪೂರ್ತಿ ಮತ್ತೆ ಓದಿ, ಯಾವ ಸೀನಿನಲ್ಲಿ ಯಾವ ಶಾಟ್‌ಗೆ ಎಷ್ಟು ಮ್ಯಾನ್‌ಡೇ (ಒಬ್ಬರ ಒಂದು ದಿನದ ಕೆಲಸ) ಅಂತ ಸ್ಟುಡಿಯೋಗೆ ಕೊಟೇಶನ್ ಮಾಡುವ ಹಾಗೆಯೇ ಶೀಟ್ ಮಾಡಿದೆ. ರೋಟೋ ಮಾಡುವವರಿಗೆ ದಿನಕ್ಕೆ 1,800, ಕಂಪೋಸಿಟರ್‌ಗೆ 3,500, ರೆಂಡರ್ ಮೆಷಿನ್ ಬಾಡಿಗೆ, ಹಾರ್ಡ್ ಡಿಸ್ಕ್, ಸಾಫ್ಟ್‌ವೇರ್ ಬಾಡಿಗೆ. ಒಟ್ಟು 14 ಲಕ್ಷ ಬಂತು. ಅದನ್ನು ನೋಡಿ ಅವರು ಸ್ವಲ್ಪ ಹೊತ್ತು ಸುಮ್ಮನಿದ್ದರು. ಆಮೇಲೆ ನಾವಿಬ್ಬರೂ ಕೂತು ಶಾಟ್ ಕಮ್ಮಿ ಮಾಡಿದೆವು. 9 ಲಕ್ಷಕ್ಕೆ ಇಳಿಯಿತು. ನಿರ್ದೇಶನಕ್ಕೆ ಒಂದು ಅಗ್ರಿಮೆಂಟ್, ಗ್ರಾಫಿಕ್ಸ್‌ಗೆ ಬೇರೆ ಅಗ್ರಿಮೆಂಟ್ ಆಯಿತು. ಈ ಬರಹದಿಂದ ಒಂದೇ ವಿಷಯ ತೆಗೆದುಕೊಳ್ಳುವುದಾದರೆ ಇದನ್ನೇ ತೆಗೆದುಕೊಳ್ಳಿ. ಬೇರೆ ಬೇರೆ ಕಾಗದ ಇಲ್ಲದಿದ್ದರೆ ನಿರ್ದೇಶಕರ ಸಂಭಾವನೆಯಲ್ಲೇ ಹತ್ತು ಜನ ರೋಟೋ ಹುಡುಗರ ಕೂಲಿಯೂ ಕರಗಿ ಹೋಗುತ್ತದೆ. ಆ ಹುಡುಗರು ಬೈಯುವುದು ನಿಮ್ಮನ್ನು, ನಿರ್ಮಾಪಕರನ್ನಲ್ಲ.

ದುಡ್ಡಿನ ಬಗ್ಗೆ ಇನ್ನೊಂದಿಷ್ಟು. ನಾನು ಕೆಲಸ ಬಿಡುವಾಗ ತಿಂಗಳಿಗೆ 95 ಸಾವಿರ ಬರುತ್ತಿತ್ತು. ನಿರ್ದೇಶಕರ ಸಂಭಾವನೆ ಕಂತಿನಲ್ಲಿ ಬರುತ್ತದೆ: ಅಡ್ವಾನ್ಸ್, ಶೂಟಿಂಗ್ ಶುರು, ಶೂಟಿಂಗ್ ಮುಗಿದಾಗ, ಫಸ್ಟ್ ಕಾಪಿ (ಎಲ್ಲ ಕೆಲಸ ಮುಗಿದ ಮೊದಲ ಪ್ರತಿ), ರಿಲೀಸ್. ಪ್ರತಿ ಕಂತಿನಲ್ಲೂ 10% ಟಿಡಿಎಸ್ ಹಿಡಿಯುತ್ತಾರೆ. ಒಂದು ಕಂತಿನಿಂದ ಇನ್ನೊಂದಕ್ಕೆ ಎಷ್ಟು ತಿಂಗಳು ಅಂತ ಯಾರೂ ಹೇಳಲಾರರು. ನಾನು ಮಧ್ಯೆ ಮಧ್ಯೆ ಬೇರೆಯವರ ಶಾಟ್ ಕಂಪೋಸಿಟ್ ಮಾಡಿ ಇಎಂಐ ಕಟ್ಟಿದೆ. ಕಂಪನಿ ಬಿಟ್ಟ ದಿನವೇ ಆರೋಗ್ಯ ವಿಮೆಯೂ ಹೋಗುತ್ತದೆ. ಮನೆಯಲ್ಲಿ ವಯಸ್ಸಾದವರಿದ್ದರೆ ರಾಜೀನಾಮೆ ಕೊಡುವ ಮೊದಲೇ ಸ್ವಂತ ಪಾಲಿಸಿ ಮಾಡಿಸಿಕೊಳ್ಳಿ.

ಬ್ಯಾನರ್ ಮತ್ತು ಟೈಟಲ್ ನೋಂದಣಿ ಆಗುವುದು ಕರ್ನಾಟಕ ಚಲನಚಿತ್ರ ವಾಣಿಜ್ಯ ಮಂಡಳಿಯಲ್ಲಿ. ನಾವು ಇಟ್ಟುಕೊಂಡಿದ್ದ ಹೆಸರು ಆಗಲೇ ಬೇರೆ ಬ್ಯಾನರ್‌ನಲ್ಲಿತ್ತು. ಅವರನ್ನು ಹುಡುಕಿ, ಒಪ್ಪಿಗೆ ಪತ್ರ ಕೇಳಿ, ಅವರು ಹೇಳಿದ ಮೊತ್ತ ಕೇಳಿ, ಬೇರೆ ಹೆಸರು ಇಟ್ಟೆವು. ಈಗ ನೋಡಿದರೆ ಹೊಸ ಹೆಸರೇ ಚೆನ್ನಾಗಿದೆ. ನೆನಪಿಡಿ, ಟೈಟಲ್ ಇರುವುದು ನಿರ್ಮಾಪಕರ ಬ್ಯಾನರ್ ಹೆಸರಿನಲ್ಲಿ. ನಾಳೆ ಅವರು ಸಿನಿಮಾ ಬಿಟ್ಟರೆ ಟೈಟಲ್ ಅವರ ಜೊತೆ ಹೋಗುತ್ತದೆ, ನಿಮ್ಮ ಜೊತೆ ಬರುವುದಿಲ್ಲ.

ಪರ್ಮಿಷನ್ ಓಡಾಟ ಬೇರೆ. ಜಲಾಶಯ ಕರ್ನಾಟಕ ವಿದ್ಯುತ್ ನಿಗಮದ್ದು, ಸುತ್ತಲ ಕಾಡು ಅರಣ್ಯ ಇಲಾಖೆಯದ್ದು, ಅದರಲ್ಲೂ ಒಂದು ಭಾಗ ಅಭಯಾರಣ್ಯ. ಅಣೆಕಟ್ಟಿನ ಹತ್ತಿರ ಡ್ರೋನ್ ಬೇಡ ಅಂದರು. ಅದೂ ಸರಿಯೇ. ಮೇಲಿನಿಂದ ನೋಡುವ ಶಾಟ್‌ಗಳನ್ನು ಪೂರ್ತಿ 3ಡಿಯಲ್ಲೇ ಮಾಡುವುದು ಅಂತಾಯಿತು. ಅಲ್ಲಿ ನಮ್ಮ ಕಸುಬು ಕೈ ಹಿಡಿಯಿತು. ಬೇರೆ ನಿರ್ದೇಶಕರಾಗಿದ್ದರೆ ಅವತ್ತು ತಲೆ ಮೇಲೆ ಕೈ ಹೊತ್ತು ಕೂರಬೇಕಿತ್ತು.

ಶೂಟಿಂಗ್ ಇಟ್ಟುಕೊಂಡದ್ದು 2025ರ ಏಪ್ರಿಲ್-ಮೇನಲ್ಲಿ. ಲಿಂಗನಮಕ್ಕಿಯ ಪೂರ್ಣ ಮಟ್ಟ 1,819 ಅಡಿ. ಬೇಸಿಗೆಯಲ್ಲಿ ನೀರು ಕೆಳಗಿಳಿದಾಗ ಮರದ ಬೊಡ್ಡೆಗಳು, ಹಳೇ ದಾರಿಗಳು ಕಾಣುತ್ತವೆ. ಹಿನ್ನೀರಿನಲ್ಲಿ ಮುಳುಗಿರುವ ಮಡೆನೂರಿನ ಹಳೇ ಹಿರೇಭಾಸ್ಕರ ಅಣೆಕಟ್ಟೂ ತಲೆ ಎತ್ತುತ್ತದೆ. ನಮಗೆ ಬೇಕಾದದ್ದು ಒಡೆದ ಕೆಸರು, ಬಿಳಿ ಆಕಾಶ. ಆ ವರ್ಷ ಮೇನಲ್ಲೇ ಮಳೆ ಹಿಡಿಯಿತು. ಮೇ 24ಕ್ಕೆ ಕೇರಳಕ್ಕೆ ಮುಂಗಾರು ಬಂದೇ ಬಿಟ್ಟಿತು. ಇಡೀ ಯೂನಿಟ್ ಸಾಗರದ ಲಾಡ್ಜ್‌ಗಳಲ್ಲಿ ಕೂತು ಕಿಟಕಿ ನೋಡುತ್ತಿತ್ತು. ಶೂಟಿಂಗ್ ನಡೆಯಲಿ ಬಿಡಲಿ, ಬಾಡಿಗೆ, ಬಾಟಾ (ದಿನಭತ್ಯೆ), ಊಟ ನಿಲ್ಲುವುದಿಲ್ಲ. ಮಳೆಯಿಂದಲೇ ನಮಗೆ ಹೆಚ್ಚಾದ ಖರ್ಚು 6 ಲಕ್ಷದ ಮೇಲೆ. ಮಲೆನಾಡಿನಲ್ಲಿ ಶೂಟಿಂಗ್ ಇಟ್ಟುಕೊಳ್ಳುವವರು ಏಪ್ರಿಲ್ ಒಳಗೆ ಹೊರಾಂಗಣ ಮುಗಿಸುವ ಹಾಗೆ ಪ್ಲಾನ್ ಮಾಡಿ. ಕರೆಂಟ್ ಹೋಗುವುದು ಹೇಗೂ ಇದ್ದದ್ದೇ. ಡೇಟಾ ಕಾಪಿ ಮಾಡುವ ಮೆಷಿನ್‌ಗೆ ಯುಪಿಎಸ್ ಇರಲಿ, ಕಾಪಿಗಳು ಮೂರಿರಲಿ, ಒಂದು ಕಾಪಿ ಬೇರೆ ಊರಿನಲ್ಲಿರಲಿ.

ನಟರ ವಿಷಯಕ್ಕೆ ಬರುತ್ತೇನೆ. ಗ್ರಾಫಿಕ್ಸ್‌ನಿಂದ ಬಂದವರಿಗೆ ಚಿತ್ರ ಕಾಣುತ್ತದೆ, ಮನುಷ್ಯ ಕಾಣುವುದು ತಡ ಅಂತ ಒಂದು ಮಾತಿದೆ. ಪೂರ್ತಿ ಸುಳ್ಳೇನಲ್ಲ. ನಮ್ಮ ಪುಣ್ಯಕ್ಕೆ ಹೆಗ್ಗೋಡು ಪಕ್ಕದಲ್ಲೇ ಇತ್ತು. ಅಲ್ಲಿನ ನೀನಾಸಂ ರಂಗಶಾಲೆಯಲ್ಲಿ ಕಲಿತ ಕಲಾವಿದರೇ ಮುಖ್ಯ ಪಾತ್ರಗಳಲ್ಲಿದ್ದರು. ಶೂಟಿಂಗ್‌ಗೆ ಮುಂಚೆ ಅವರ ಜೊತೆ ಬರೀ ಕೂತು ಮಾತಾಡಿದೆವು, ಓದಿದೆವು, ಒಂದೊಂದು ಸೀನನ್ನೂ ಅಂಗಳದಲ್ಲಿ ನಡೆದು ನೋಡಿದೆವು. ಮುದುಕನ ಪಾತ್ರ ಮಾಡಿದ ಹಿರಿಯರಿಗೆ ನಾನು ಸ್ಟೋರಿಬೋರ್ಡ್ ಕೊಟ್ಟರೆ ಅದನ್ನು ಮಡಚಿ ಜೇಬಿಗೆ ಇಟ್ಟುಕೊಂಡು, "ಇವನು ಬೆಳಿಗ್ಗೆ ಏನಾದ್ರೂ ತಿಂದಿದಾನೇನಪ್ಪ?" ಅಂತ ಕೇಳಿದರು. ಇಂಥ ಪ್ರಶ್ನೆಗೆ ಉತ್ತರ ಇಟ್ಟುಕೊಂಡು ಹೋಗಬೇಕು. ಲೆನ್ಸ್ ಎಷ್ಟು ಎಂಎಂ ಅಂತ ಅವರು ಯಾವತ್ತೂ ಕೇಳುವುದಿಲ್ಲ.

ಎಮ್ಮೆ ನಮ್ಮ ದೊಡ್ಡ ತಲೆನೋವು. ಏರುವ ನೀರಿನಲ್ಲಿ ನಿಜವಾದ ಪ್ರಾಣಿಯನ್ನು ನಿಲ್ಲಿಸುವ ಮಾತೇ ಇರಲಿಲ್ಲ. ಸ್ಕ್ರಿಪ್ಟ್‌ನಲ್ಲಿ ಮೊದಲು ಇದ್ದದ್ದು ಹಸು. ಹಸುವಿನ ಮೈತುಂಬ ಸಣ್ಣ ಕೂದಲು. ಆ ಕೂದಲು ಒದ್ದೆಯಾಗಿ ಅಂಟುವುದನ್ನು 3ಡಿಯಲ್ಲಿ ಮಾಡುವಷ್ಟು ದುಡ್ಡು ನಮ್ಮ ಹತ್ತಿರ ಇರಲಿಲ್ಲ. ಎಮ್ಮೆಗೆ ಕೂದಲು ವಿರಳ, ಚರ್ಮ ಕಪ್ಪು, ಒದ್ದೆಯಾದರೆ ಹೊಳೆಯುತ್ತದೆ. ಹೊಳೆಯುವುದನ್ನು ಮಾಡುವುದು ಸುಲಭ. ಹೀಗೆ ಹಸು ಎಮ್ಮೆಯಾಯಿತು. ಸೆಟ್ಟಿನಲ್ಲಿ ಎಮ್ಮೆಯ ಬೆನ್ನಿನ ಎತ್ತರಕ್ಕೆ ಬಿದಿರಿನ ಚೌಕಟ್ಟು ಕಟ್ಟಿ ಅದರ ಮೇಲೆ ನೆನೆಸಿದ ಗೋಣಿಚೀಲ ಹೊದಿಸಿದೆವು. ಆ ಹಿರಿಯರು ಗೋಣಿಚೀಲದ ಮೇಲೆ ಅಂಗೈ ಇಟ್ಟು, ಬೆರಳು ಸ್ವಲ್ಪ ಅಗಲಿಸಿ, ಮೈಗೆ ಕಚ್ಚಿದ ಉಣ್ಣಿ ಹುಳ ಹುಡುಕುವವರ ಹಾಗೆ ನಿಧಾನಕ್ಕೆ ಹಿಂದಕ್ಕೆ ಎಳೆದರು. ನಾನು ಹೇಳಿಕೊಟ್ಟದ್ದಲ್ಲ. ಆ ಬೆರಳುಗಳ ಕೆಳಗೆ ಚರ್ಮ ತಗ್ಗುವುದು, ಮತ್ತೆ ಮೇಲೆ ಬರುವುದು ಮಾಡಲು ನನ್ನ ಗೆಳೆಯನಿಗೆ ಮೂರು ವಾರ ಹಿಡಿಯಿತು. ಬೈದುಕೊಂಡೇ ಮಾಡಿದ. ಇಡೀ ಸಿನಿಮಾದಲ್ಲಿ ನನಗೆ ಇಷ್ಟವಾದ ಶಾಟ್ ಅದು.

"ಪೋಸ್ಟ್‌ನಲ್ಲಿ ನೋಡ್ಕೊಳ್ಳೋಣ" (ಅಂದರೆ ಶೂಟಿಂಗ್ ಆದ ಮೇಲೆ ಸರಿ ಮಾಡೋಣ) ಅನ್ನುವ ಮಾತು ಎಲ್ಲ ಸೆಟ್ಟಿನಲ್ಲೂ ಇದೆ. ನಿರ್ದೇಶಕ ಗ್ರಾಫಿಕ್ಸ್‌ನವನಾದರೆ ಅದು ದಿನಕ್ಕೆ ನೂರು ಸಲ ಕೇಳುತ್ತದೆ. "ಸರ್, ವೈರ್ ಕಾಣ್ತಿದೆ, ನೀವು ಅಳಿಸ್ತೀರಲ್ಲ." "ಸರ್, ಅಲ್ಲೊಂದು ಟವರ್." 1964ರ ಸೀನಿನಲ್ಲಿ ಜೂನಿಯರ್ ಆರ್ಟಿಸ್ಟ್ ಒಬ್ಬರ ಕೈಯಲ್ಲಿ ಡಿಜಿಟಲ್ ವಾಚು. ನಾನೊಂದು ನೋಟ್‌ಬುಕ್ ಇಟ್ಟುಕೊಂಡೆ. ಅಳಿಸಿ ಅಂದದ್ದನ್ನೆಲ್ಲ ಬರೆದು, ಪಕ್ಕದಲ್ಲಿ ಎಷ್ಟು ದಿನದ ಕೂಲಿ ಅಂತ ಬರೆದು, ಪ್ಯಾಕಪ್ ಆದ ಮೇಲೆ ಪ್ರೊಡಕ್ಷನ್ ಮ್ಯಾನೇಜರ್ ಮುಂದೆ ಓದುತ್ತಿದ್ದೆ. ಅಲ್ಲಾಡುವ ಕೈಯಿಂದ ವಾಚು ಅಳಿಸಲು ಎರಡು ದಿನ, 3,600 ರೂಪಾಯಿ. ಬಿಚ್ಚಿಸಿ ಮತ್ತೆ ಟೇಕ್ ತೆಗೆಯಲು ಹತ್ತು ನಿಮಿಷ. ಮೂರನೇ ದಿನದಿಂದ ಆ ಮ್ಯಾನೇಜರೇ ಶಾಟ್‌ಗೆ ಮುಂಚೆ ಎಲ್ಲರ ಕೈ ನೋಡುತ್ತಿದ್ದರು. ಹಾಗಂತ ಎಲ್ಲಕ್ಕೂ ಬೇಡ ಅನ್ನಬೇಡಿ. ಕ್ಯಾಮೆರಾ ಅಲುಗದ ಶಾಟ್‌ನಲ್ಲಿ ದೂರದ ಗುಡ್ಡದ ಮೇಲಿನ ಟವರ್ ಅಳಿಸುವುದು ಊಟಕ್ಕೆ ಮುಂಚೆ ಮುಗಿಯುವ ಕೆಲಸ. ಅದರ ಮುಂದೆ ಅಡಿಕೆ ಗರಿ ಅಲ್ಲಾಡುತ್ತಿದ್ದರೆ ಮಾತ್ರ ಜಾಗ ಬದಲಾಯಿಸಿ. ಈ ತೀರ್ಮಾನ ಸ್ಥಳದಲ್ಲೇ ಆಗುತ್ತದಲ್ಲ, ನಮ್ಮಂಥವರು ನಿರ್ದೇಶಕರಾದರೆ ಆಗುವ ಲಾಭ ಅದು. ಕ್ಲೀನ್ ಪ್ಲೇಟ್ (ನಟರಿಲ್ಲದೆ ಬರೀ ಜಾಗದ ಶಾಟ್) ಮಾತ್ರ ಯಾರು ಎಷ್ಟು ಗೊಣಗಿದರೂ ತೆಗೆದುಕೊಳ್ಳಿ.

ಶೂಟಿಂಗ್ ಮುಗಿದು ಕುಂಬಳಕಾಯಿ ಒಡೆದದ್ದು ಜೂನ್‌ನಲ್ಲಿ. ಆಮೇಲೆ ಎಡಿಟಿಂಗ್. ನೀರು ಇಡೀ ಊರನ್ನು ಮುಚ್ಚುವ ಒಂದು ದೊಡ್ಡ ಶಾಟ್ ಇತ್ತು. ರಾತ್ರಿಗಟ್ಟಲೆ ಕೂತು ಮಾಡಿದ್ದು. ಎಡಿಟರ್ ಅದನ್ನು ತೆಗೆದು, ಬರೀ ಹೊಸಿಲಿಗೆ ನೀರು ತಾಗುವ ಶಾಟ್ ಉಳಿಸಿದರು. ನೋಡಿದೆ. ಅವರು ಹೇಳಿದ್ದೇ ಸರಿ. ಹೊಟ್ಟೆ ಉರಿಯಿತು, ಆದರೆ ಬೇಡ ಅನ್ನಲು ಕಾರಣ ಸಿಗಲಿಲ್ಲ. ಆ ಶಾಟ್ ಟ್ರೈಲರ್‌ಗೆ ಹೋಯಿತು. ಗ್ರಾಫಿಕ್ಸ್ ಫೈನಲ್ ಮಾಡುವ ಅಧಿಕಾರವನ್ನು ನಾನು ಇಟ್ಟುಕೊಳ್ಳದೆ ಹಳೇ ಸಹೋದ್ಯೋಗಿಯೊಬ್ಬರಿಗೆ ಕೊಟ್ಟಿದ್ದೆ. ನನ್ನ ಕೈಯಲ್ಲಿದ್ದಿದ್ದರೆ ಇವತ್ತಿಗೂ ಎಮ್ಮೆಯ ಕಿವಿ ಸರಿ ಮಾಡುತ್ತಾ ಇರುತ್ತಿದ್ದೆನೋ ಏನೋ. ಬಣ್ಣ ಹೊಂದಿಸುವುದು, 5.1 ಸೌಂಡ್ ಮಿಕ್ಸಿಂಗ್, ರೀರೆಕಾರ್ಡಿಂಗ್ (ಹಿನ್ನೆಲೆ ಸಂಗೀತ) ಸೇರಿ ಸುಮಾರು 13 ಲಕ್ಷ. ಇವಕ್ಕೆ ಇಟ್ಟ ದುಡ್ಡನ್ನು ಶೂಟಿಂಗ್ ನುಂಗದ ಹಾಗೆ ಮೊದಲೇ ಬೇರೆ ಎತ್ತಿಡಿ.

ಈಗ ಯಾರೂ ಮುಂಚೆ ಹೇಳದ ಭಾಗ. ಸಿನಿಮಾದಲ್ಲಿ ಪ್ರಾಣಿ ಕಂಡರೆ ಸೆನ್ಸಾರ್‌ಗೆ ಮುಂಚೆ ಭಾರತೀಯ ಪ್ರಾಣಿ ಕಲ್ಯಾಣ ಮಂಡಳಿಯ ನಿರಾಕ್ಷೇಪಣಾ ಪತ್ರ ಬೇಕು. ಆ ಮಂಡಳಿ ಮೊದಲು ಚೆನ್ನೈನಲ್ಲಿತ್ತು, ಈಗ ಇರುವುದು ಹರಿಯಾಣದ ಬಲ್ಲಭಗಢದಲ್ಲಿ. ನಿಜವಾದ ಪ್ರಾಣಿ ಬಳಸುವುದಾದರೆ ಶೂಟಿಂಗ್‌ಗೆ ಮುಂಚೆಯೇ ಅನುಮತಿ, ಮಾಲೀಕರ ಪತ್ರ, ಪಶುವೈದ್ಯರ ಸರ್ಟಿಫಿಕೇಟ್ ಎಲ್ಲ ಬೇಕು. ನಮ್ಮದು ಕಂಪ್ಯೂಟರ್ ಎಮ್ಮೆ, ನಮಗೇನು ಅಂತ ಯೂನಿಟ್ಟಿನವರೆಲ್ಲ ಆರಾಮಾಗಿದ್ದರು. ಅದು ಕಂಪ್ಯೂಟರ್ ಎಮ್ಮೆ ಅನ್ನುವುದಕ್ಕೂ ಸಾಕ್ಷಿ ಕೊಡಬೇಕು. ಸಿನಿಮಾಗಳಲ್ಲಿ ಪ್ರಾಣಿ ಬಂದಾಗ ಮೂಲೆಯಲ್ಲಿ 'ಸಿಜಿಐ' ಅಂತ ಅಕ್ಷರ ಕಾಣುವುದನ್ನು ನೋಡಿದ್ದೀರಲ್ಲ, ಅದರ ಹಿಂದೆ ಇರುವುದು ಇದೇ ಕಥೆ. ಖಾಲಿ ಪ್ಲೇಟ್, ಗೋಣಿಚೀಲದ ಪ್ಲೇಟ್, ಬೂದು ಬಣ್ಣದ ಮಾಡೆಲ್, ಬರೀ ಗೆರೆಗಳ ವೈರ್‌ಫ್ರೇಮ್, ಫೈನಲ್ ಇಷ್ಟನ್ನೂ ಸಾಲಾಗಿ ಜೋಡಿಸಿ ಶಾಟ್‌ವಾರು ವೀಡಿಯೋ ಮಾಡಿ, ಗ್ರಾಫಿಕ್ಸ್ ತಂಡದ ಪತ್ರದ ಜೊತೆ ಕಳಿಸಿದೆವು. ಇದು ನಿಜವಲ್ಲ ಅಂತ ನಾನೇ ಒದ್ದಾಡಿ ಸಾಬೀತು ಮಾಡಬೇಕಾಗಿ ಬಂದದ್ದಕ್ಕೆ ಒಳಗೊಳಗೇ ಖುಷಿಯಾಗಿತ್ತು. ವಾರಗಳು ಕಳೆದ ಮೇಲೆ ಖುಷಿ ಇಳಿಯಿತು. ಒಂದು ಪ್ರಶ್ನೆ ಬರುತ್ತದೆ, ಉತ್ತರ ಕಳಿಸುತ್ತೇವೆ, ಮತ್ತೆ ಕಾಯುತ್ತೇವೆ. ಹಿನ್ನೆಲೆಯಲ್ಲಿ ಸುಮ್ನೆ ಹಾದುಹೋದ ಬೀದಿನಾಯಿಗೂ ವಿವರಣೆ ಕೊಡಬೇಕಾಗುತ್ತದೆ ಅಂತ ತಿಳಿದು ಆ ಶಾಟನ್ನೇ ಮೊಟಕು ಮಾಡಿದೆವು. ರಿಲೀಸ್ ದಿನಾಂಕ ಹೇಳುವ ಮೊದಲು ಇದಕ್ಕೆ ಎರಡು ಮೂರು ತಿಂಗಳು ಇಟ್ಟುಕೊಳ್ಳಿ. ಕೆಲಸ ಮುಗಿದ ಕೂಡಲೇ ಹಳೇ ವರ್ಷನ್ ಅಳಿಸುವ ಅಭ್ಯಾಸ ಇದ್ದರೆ ಬಿಡಿ. ನಮ್ಮನ್ನು ಉಳಿಸಿದ್ದು ಆ ಅರೆಬರೆ ರೆಂಡರ್‌ಗಳೇ.

ಬೀಡಿ ಸಮಾಚಾರವೂ ಇದೆ. ಪರದೆ ಮೇಲೆ ತಂಬಾಕು ಕಂಡರೆ ಶುರುವಿನಲ್ಲೂ ಮಧ್ಯದಲ್ಲೂ 30 ಸೆಕೆಂಡಿನ ಆರೋಗ್ಯ ಜಾಹೀರಾತು, 20 ಸೆಕೆಂಡಿನ ಎಚ್ಚರಿಕೆ, ಜೊತೆಗೆ ಆ ದೃಶ್ಯ ನಡೆಯುವಷ್ಟು ಹೊತ್ತೂ ಕೆಳಗೆ ಅಕ್ಷರ ಹಾಕಬೇಕು. ಮುದುಕ ಹಿನ್ನೀರಿನ ಮುಂದೆ ಕೂತಿರುವ ಉದ್ದದ ಶಾಟ್‌ನಲ್ಲಿ ಆ ಅಕ್ಷರ ನೋಡಲು ನನಗೆ ಮನಸ್ಸಾಗಲಿಲ್ಲ. ಬೀಡಿ ಇದ್ದದ್ದು ಕೆಲವೇ ಶಾಟ್‌ಗಳಲ್ಲಿ. ಬೀಡಿ, ಹೊಗೆ ಎರಡನ್ನೂ ಅಳಿಸಿದೆವು. ಈಗ ಮುದುಕ ಸುಮ್ಮನೆ ಬೆರಳು ತುಟಿಗಿಟ್ಟುಕೊಂಡು ಕೂತಿದ್ದಾನೆ. ಒಬ್ಬ ವಿಮರ್ಶಕರು ಅದನ್ನು ತುಂಬಾ ಹೊಗಳಿದರು.

ಸೆನ್ಸಾರ್ ಅರ್ಜಿ ಈಗ ಪೂರ್ತಿ ಆನ್‌ಲೈನ್, ಇ-ಸಿನಿಪ್ರಮಾಣ್ ಪೋರ್ಟಲ್‌ನಲ್ಲಿ. ಅರ್ಜಿದಾರರು ನಿರ್ಮಾಪಕರು, ನಿರ್ದೇಶಕರಲ್ಲ. ಹಾಗಾಗಿ ಲಾಗಿನ್ ಅವರದ್ದೇ ಇರಬೇಕು. ಕಥಾ ಸಾರಾಂಶ, ಸಿನಿಮಾದಲ್ಲಿ ಕೇಳಿಸುವ ಹಾಗೆಯೇ ಬರೆದ ಪೂರ್ತಿ ಸಂಭಾಷಣೆ, ಹಾಡುಗಳ ಸಾಹಿತ್ಯ ಬೇಕು. ಡಬ್ಬಿಂಗ್‌ನಲ್ಲಿ ನಟರು ಬದಲಾಯಿಸಿದ ಮಾತುಗಳನ್ನೂ ಸೇರಿಸಿ ಮತ್ತೆ ಟೈಪ್ ಮಾಡಿಸಿದೆವು. ಹಳೇ ಯು/ಎ ಒಂದೇ ಇತ್ತು. ಈಗ 2024ರ ನಿಯಮದ ಪ್ರಕಾರ ವಯಸ್ಸಿನ ಮೇಲೆ ಯುಎ 7+, 13+, 16+ ಅಂತ ಮೂರಿದೆ. ನಮಗೆ 7+ ಸಿಕ್ಕಿತು, ಎರಡು ಬೈಗುಳ ಮ್ಯೂಟ್ ಆದವು. ಸರ್ಟಿಫಿಕೇಟ್ ಬಂದ ಮೇಲೆ ಒಂದು ಶಾಟನ್ನೂ ಸುಮ್ಮನೆ ಬದಲಾಯಿಸುವ ಹಾಗಿಲ್ಲ, ಬದಲಾಯಿಸಿದರೆ ಸೆನ್ಸಾರ್ ಮಂಡಳಿಗೆ ತಿಳಿಸಬೇಕು. ಡೆಲಿವರಿಯ ಹಿಂದಿನ ರಾತ್ರಿವರೆಗೂ ಹೊಸ ವರ್ಷನ್ ಹಾಕುವ ನಮ್ಮ ಹುಡುಗರಿಗೆ ಇದನ್ನು ಅರ್ಥ ಮಾಡಿಸುವುದು ಸ್ವಲ್ಪ ಕಷ್ಟವೇ ಆಯಿತು.

ರಿಲೀಸ್ ಬಗ್ಗೆ ಬರೆಯಲು ಹೋದರೆ ಇನ್ನೊಂದು ಲೇಖನ ಆಗುತ್ತದೆ. ಪ್ರಚಾರಕ್ಕೆ ಹೋದ ದುಡ್ಡು ಗ್ರಾಫಿಕ್ಸ್‌ಗಿಂತ ಎರಡು ಪಟ್ಟು. ಪ್ರೊಜೆಕ್ಷನ್ ಕಂಪನಿಗಳಿಗೆ ಸ್ಕ್ರೀನ್ ಲೆಕ್ಕದಲ್ಲಿ ಫೀಸು ಬೇರೆ. ಮಲ್ಟಿಪ್ಲೆಕ್ಸ್‌ನಲ್ಲಿ ಮಧ್ಯಾಹ್ನದ ಶೋ ಕೊಟ್ಟರು, ಕೆಲಸಕ್ಕೆ ಹೋಗುವವರು ಯಾರು ಬರುತ್ತಾರೆ? ಸಾಗರ, ಶಿವಮೊಗ್ಗದಲ್ಲಿ ಮಾತ್ರ ಮೂರನೇ ವಾರದವರೆಗೂ ಜನ ಬಂದರು. ಮುಳುಗಡೆ ಆದ ಮನೆತನದವರು ಅಜ್ಜ ಅಜ್ಜಿಯರನ್ನು ಕರೆದುಕೊಂಡು ಬರುತ್ತಿದ್ದರು. ಸಂದರ್ಶನಗಳಲ್ಲೆಲ್ಲ ನನ್ನನ್ನು ಕೇಳಿದ್ದು ಎಮ್ಮೆ ಬಗ್ಗೆ. ಆ ಹಿರಿಯರ ನಟನೆ ಬಗ್ಗೆ ನಾನೇ ಮಾತು ಎಳೆದು ತರಬೇಕಾಯಿತು.

ಈಗ ಒಂದು ಓಟಿಟಿ ಜೊತೆ ಮಾತುಕತೆ ನಡೆಯುತ್ತಿದೆ. ಅವರ ಪಟ್ಟಿಯಲ್ಲಿ ಅಕ್ಷರಗಳಿಲ್ಲದ ಕಾಪಿ, ಮಾತು ಬಿಟ್ಟು ಬರೀ ಸಂಗೀತ ಮತ್ತು ಸದ್ದಿರುವ ಟ್ರ್ಯಾಕ್, ಸಬ್‌ಟೈಟಲ್ ಫೈಲ್ ಎಲ್ಲ ಇವೆ. ಮಿಕ್ಸಿಂಗ್ ದಿನವೇ ಕೇಳಿ ಮಾಡಿಸಿಕೊಂಡರೆ ಇವಕ್ಕೆ ಹೆಚ್ಚು ಖರ್ಚಿಲ್ಲ. ಆರು ತಿಂಗಳು ಬಿಟ್ಟು ಕೇಳಿದರೆ ಸ್ಟುಡಿಯೋದವರು ಹೊಸ ಬಿಲ್ ಹಾಕುತ್ತಾರೆ. ನಡುವೆ ಇನ್ನೊಬ್ಬ ನಿರ್ಮಾಪಕರು ಕರೆದು ಎರಡನೇ ಕಥೆ ಕೇಳಿದರು. ಪೂರ್ತಿ ಕೇಳಿದರು, ಇಷ್ಟ ಆಯಿತು ಅಂದರು, ಬಜೆಟ್ ಶೀಟ್ ತೆರೆದರು. ಗ್ರಾಫಿಕ್ಸ್ ಸಾಲಿನ ಮುಂದೆ ಆಗಲೇ ಸೊನ್ನೆ ಇತ್ತು. ನಾನು ನನ್ನ ಶೀಟ್ ಹೊರಗೆ ತೆಗೆದೆ.